ಪದ್ದಮ್ಮನ ಸೆರಗಿನ ಕೀಲಿ

ಅಮೆರಿಕದ ಬೆಲ್ವ್ಯೂ ಊರಿನ ಬಡಾವಣೆ ಫ್ಯಾಕ್ಟೋರಿಯಾದ ಒಂದೇ ಅಪಾರ್ಟ್‌ಮೆಂಟ್ ಸಮುಚ್ಚಯದೊಳಗೆ ನಾತ್ಸುಯೊ ಇಸೋಬೆ ಐದು ವರ್ಷದಲ್ಲಿ ನಾಲ್ಕು ಮನೆಗಳಲ್ಲಿ ವಾಸಿಸಿದ್ದರು. ಮೊದಲನೆಯದು ರಸ್ತೆಗೆ ಮುಖವಾಗಿತ್ತು. ಗದ್ದಲ ಜಾಸ್ತಿ ಎಂದರು. ಎರಡನೆಯದು ಹಿಂಬದಿಯ ಮರಗಳ ಕಡೆಗಿತ್ತು; ಅಲ್ಲಿ ಸದ್ದೇ ಇಲ್ಲ ಎಂದರು. ಮೂರನೆಯದು ನೆಲಮಹಡಿ, ಹತ್ತಿಳಿಯಲು ಮೆಟ್ಟಿಲಿಲ್ಲದ ಮನೆಯಲ್ಲಿ ಕಾಲು ಸುಮ್ಮನಿರುವುದಿಲ್ಲ ಎಂಬುದು ದೂರು. 2014ರ ಮಾರ್ಚಿನಲ್ಲಿ ಮೂರನೇ ಮಹಡಿಯ ಮೂಲೆಮನೆಗೆ ಬಂದಾಗ ಅವರಿಗೆ ಎಪ್ಪತ್ತೆರಡು ವರ್ಷ. ಸಾಮಾನೆಂದರೆ ಎಂಟು ಪೆಟ್ಟಿಗೆ. ಅವುಗಳಲ್ಲಿ ಮೂರರ ತುಂಬ ಅಂಗೈಯಗಲದ ನೋಟುಪುಸ್ತಕಗಳು.

ಪಕ್ಕದ ಮನೆ ಜೆಸಿಂತಾ ಪಿಂಟೊ ಅವರದು. ಮಂಗಳೂರಿನ ಕುಲಶೇಖರದವರಾದ ಜೆಸಿಂತಾ ಅಲ್ಲೇ ನಡೆದು ಹೋಗುವಷ್ಟು ದೂರದ ಮೊಬೈಲ್ ಕಂಪನಿಯೊಂದರ ಕಚೇರಿಯಲ್ಲಿ ಮ್ಯಾನೇಜರ್. ಗಂಡ ವಿಲ್ಫ್ರೆಡ್ ಹತ್ತಿರದ ಕೆಂಟ್ ಊರಿನಲ್ಲಿ ವಿಮಾನದ ಬಿಡಿಭಾಗಗಳನ್ನು ಪರೀಕ್ಷಿಸುವ ಕೆಲಸದಲ್ಲಿದ್ದರು. ಮಿಲಿಮೀಟರಿನ ನೂರನೇ ಒಂದು ಭಾಗದ ತಪ್ಪನ್ನೂ ಹುಡುಕುವ ಮನುಷ್ಯ. ಹೊಸ ನೆರೆಯವರ ಬಗ್ಗೆ ಮೊದಲು ವರದಿ ಒಪ್ಪಿಸಿದವರೂ ಅವರೇ.

"ಆಚೆಮನೆ ಹೆಂಗಸು ಬೆಳಿಗ್ಗೆ ಐದರಿಂದ ನಡೀತಾ ಇದ್ದಾರೆ ಮಾರಾಯ್ತಿ. ಗೋಡೆಯಿಂದ ಗೋಡೆಗೆ ಹನ್ನೊಂದು ಹೆಜ್ಜೆ, ತಿರುಗಿ ಹನ್ನೊಂದು. ರಿಟೈರ್ ಆದವರೋ, ಡ್ಯೂಟಿಯಲ್ಲಿ ಇರುವವರೋ?"

ಎರಡೂ ಹೌದು ಎನ್ನಬಹುದಿತ್ತು.

ನಾತ್ಸುಯೊ ಹುಟ್ಟಿದ್ದು 1942ರಲ್ಲಿ, ಜಪಾನಿನ ಪೂರ್ವ ಕರಾವಳಿಯ ಒಂದು ಮೀನುಗಾರರ ಊರಿನಲ್ಲಿ. ಹದಿನೆಂಟಕ್ಕೆ ಕ್ಯೋತೋದ ಸಿನಿಮಾ ಸ್ಟುಡಿಯೋ ಸೇರಿದರು. ಸೇರಿದ ದಿನವೇ ಅವರ ಊರಿನ ಒರಟು ಮಾತನ್ನು ಸ್ಟುಡಿಯೋದವರು ಬಿಡಿಸಿದರು. ಹೆಸರಿದ್ದ ನಟಿಯರಿಗೆ ಬೇರೆ ಬೇರೆ ಕೋಣೆ. ಹೆಸರಿಲ್ಲದವರಿಗೆಲ್ಲ ಸೇರಿ ಒಂದು ದೊಡ್ಡ ಕೋಣೆ. ನೆಲಕ್ಕೆ ಹಾಸಿದ ಚಾಪೆ, ಗೋಡೆಯುದ್ದಕ್ಕೂ ಒಂದೇ ಕನ್ನಡಿ, ಮೂವತ್ತು ಹೆಂಗಸರು. ಬೆಳಿಗ್ಗೆ ಸಹಾಯಕ ನಿರ್ದೇಶಕ ಬಾಗಿಲಲ್ಲಿ ನಿಂತು ಪೆನ್ಸಿಲ್ ತೋರಿಸುತ್ತಿದ್ದ: ನೀನು, ನೀನು, ಆಮೇಲೆ ನೀನು. ತೋರಿಸಿಕೊಂಡವರು ಎದ್ದು ಹೋಗುತ್ತಿದ್ದರು. ಏನಾಗಲು ಹೋಗುತ್ತಿದ್ದೇವೆಂಬುದು ಬಟ್ಟೆ ಕೊಡುವವನ ಹತ್ತಿರ ಹೋದ ಮೇಲಷ್ಟೇ ತಿಳಿಯುತ್ತಿತ್ತು.

ಒಂದೇ ದಿನ ಅವರು ಚಹಾ ಅಂಗಡಿಯ ಕೆಲಸದವಳು, ಸನ್ಯಾಸಿನಿ, ಹೊಳೆದಂಡೆಯ ಹೆಣ ಆದದ್ದುಂಟು. ಫೆಬ್ರವರಿಯ ಚಳಿಯಲ್ಲಿ ಹೆಣದ ಬಾಯಿಂದ ಉಸಿರಿನ ಆವಿ ಏಳಬಾರದಲ್ಲ, ಅದಕ್ಕೆ ಬಾಯಲ್ಲಿ ಮಂಜುಗಡ್ಡೆ ಇಟ್ಟುಕೊಳ್ಳುತ್ತಿದ್ದರು. ಇಪ್ಪತ್ತೈದಕ್ಕೆ ತೋಕಿಯೋದ ಟೆಲಿವಿಷನ್ನಿಗೆ ಬಂದರು. ನರ್ಸು, ಮನೆ ಮಾಲಕಿ, ಕೊಲೆಗಾರನ ತಾಯಿ, ಪತ್ತೇದಾರನ ಹೆಂಡತಿ. ಮೂವತ್ತಕ್ಕೇ ಅಜ್ಜಿಯ ಪಾತ್ರ. ನಿನ್ನೆಯ ಕಂತಿನಲ್ಲಿ ಸತ್ತ ಹೆಂಗಸೇ ಇವತ್ತು ಪೊಲೀಸ್ ಠಾಣೆಯಲ್ಲಿ ಚಹಾ ಹಿಡಿದು ನಿಂತಿದ್ದಾಳೆಂದು ಯಾವ ಪ್ರೇಕ್ಷಕನಿಗೂ ಗೊತ್ತಾಗುತ್ತಿರಲಿಲ್ಲ. ನಿರ್ದೇಶಕರು ಅವರನ್ನು ಕರೆಸುತ್ತಿದ್ದುದು ಅದಕ್ಕೇ. ದೊಡ್ಡ ಪಾತ್ರ ಕೊಡದಿದ್ದುದೂ ಅದಕ್ಕೇ.

ಆ ನೋಟುಪುಸ್ತಕಗಳಲ್ಲಿ ಒಂದು ಪಾತ್ರಕ್ಕೆ ಒಂದು ಪುಟ. ಆದರೆ ಪಾತ್ರದ ಹೆಸರಿಲ್ಲ, ಚಿತ್ರದ ಹೆಸರೂ ಇಲ್ಲ. ತಾರೀಖು, ಅದರ ಕೆಳಗೆ ಆ ದಿನ ಕೈಯಲ್ಲಿ ಏನಿತ್ತು ಎಂಬುದು. ಪೊರಕೆ. ಕೊಡೆ. ಬೇರೆಯವರ ಮಗು. ಹೆಣವಾದ ದಿನಗಳ ಪುಟದಲ್ಲಿ 'ಖಾಲಿ' ಎಂದಿದೆ. ಮಾತನ್ನು ಬಾಯಿಪಾಠ ಮಾಡುವುದು ಅವರಿಗೆ ಒಗ್ಗಲಿಲ್ಲ. ಕೈಯ ವಸ್ತುವನ್ನು ಎತ್ತುವಾಗ ಈ ವಾಕ್ಯ, ಇಡುವಾಗ ಆ ವಾಕ್ಯ ಎಂದು ಕಟ್ಟಿಕೊಳ್ಳುತ್ತಿದ್ದರು. ಕೈ ನಡೆದರೆ ಮಾತು ತಾನಾಗಿ ಹಿಂದೆ ಬರುತ್ತಿತ್ತು.

1979ರಲ್ಲಿ ಒಂದು ಮನೆಮಂದಿಯ ಧಾರಾವಾಹಿಯಲ್ಲಿ ಅವರಿಗೆ ಮೊದಲ ಸಲ ಹೆಸರಿರುವ ಪಾತ್ರ ಸಿಕ್ಕಿತು. ಉಣ್ಣೆ ನೂಲಿನ ಅಂಗಡಿಯ ವಿಧವೆ. ಹದಿನಾಲ್ಕು ವಾರ ನಡೆಯಿತು. ಹದಿನೈದನೆಯ ಕಂತು ನೇರಪ್ರಸಾರ. ಕೊನೆಯ ದೃಶ್ಯದಲ್ಲಿ ಅವರು ಗಲ್ಲಾದ ಮೇಲಿನ ನೂಲಿನುಂಡೆ ತೆಗೆದುಕೊಂಡು ಸುತ್ತುತ್ತಾ ಮಾತಾಡಬೇಕು. ಕೈ ಹೋಯಿತು, ಉಂಡೆ ಅಲ್ಲಿರಲಿಲ್ಲ. ಯಾರೋ ಚೊಕ್ಕಟ ಮಾಡುವಾಗ ಎತ್ತಿಟ್ಟಿದ್ದರು. ಇಪ್ಪತ್ತು ಸೆಕೆಂಡು ಇಡೀ ದೇಶ ಅವರ ಬಾಯನ್ನು ನೋಡಿತು. ಯಾರೂ ಬೈಯಲಿಲ್ಲ. ಮುಂದಿನ ವಾರದ ಕಂತಿನಲ್ಲಿ ವಿಧವೆ ಅಂಗಡಿ ಮುಚ್ಚಿ ಉತ್ತರದ ದ್ವೀಪದಲ್ಲಿರುವ ತಂಗಿಯ ಮನೆಗೆ ಹೋದಳೆಂದು ಬೇರೊಬ್ಬರು ಹೇಳಿದರು. ಅಲ್ಲಿಂದಾಚೆ ಆರು ವರ್ಷ ನಾತ್ಸುಯೊಗೆ ಬಂದ ಪಾತ್ರಗಳಲ್ಲಿ ಮಾತಿರಲಿಲ್ಲ.

ತೋಕಿಯೋಗೆ ಕೆಲಸದ ಮೇಲೆ ಬಂದಿದ್ದ ರಸೆಲ್ ಎಂಬ ಅಮೆರಿಕನ್ ಎಂಜಿನಿಯರನ್ನು 1985ರಲ್ಲಿ ಮದುವೆಯಾಗಿ ಕೆಂಟ್‌ಗೆ ಬಂದರು. ಹತ್ತೊಂಬತ್ತು ವರ್ಷ ಅಲ್ಲಿನ ಗೋದಾಮೊಂದರಲ್ಲಿ ಪೆಟ್ಟಿಗೆಗಳ ಚೀಟಿ ಸರಿಯಿದೆಯೇ ಎಂದು ನೋಡುವ ಕೆಲಸ. ಊಟದ ಬಿಡುವಿನಲ್ಲಿ ಮೇಲ್ವಿಚಾರಕನ ನಡಿಗೆ ನಡೆದು ತೋರಿಸುತ್ತಿದ್ದರಂತೆ. 2009ರಲ್ಲಿ ರಸೆಲ್ ತೀರಿಕೊಂಡರು. ಮನೆ ಮಾರಿ ಫ್ಯಾಕ್ಟೋರಿಯಾಗೆ ಬಂದರು. ಅಂದಿನಿಂದ ಈ ನಡೆದಾಟ.

ಅವರು ಮೂಲೆಮನೆಗೆ ಬಂದ ವರ್ಷ ರೆಡ್ಮಂಡ್, ಬೆಲ್ವ್ಯೂ ಸುತ್ತಲಿನ ಕನ್ನಡಿಗರು ರಾಜ್ಯೋತ್ಸವಕ್ಕೆ ನಾಟಕ ಹೂಡಿದ್ದರು. ಬರೆದು ಆಡಿಸುತ್ತಿದ್ದವರು ಬೆಂಗಳೂರು ಚಾಮರಾಜಪೇಟೆಯ ಅಶ್ವತ್ಥ. ಓವರ್‌ಲೇಕ್‌ನಲ್ಲಿ ಸಾಫ್ಟ್‌ವೇರ್ ಕೆಲಸ, ಶನಿವಾರ ಭಾನುವಾರ ರಂಗಭೂಮಿ. ಬೆಂಗಳೂರಿನ ಒಂದು ವಠಾರ, ಎಂಟು ಸಂಸಾರ, ಒಂದೇ ನಲ್ಲಿ. ನಲ್ಲಿಗೆ ಬೀಗ. ಬೀಗದ ಕೀಲಿ ಪದ್ದಮ್ಮ ಎಂಬ ಮುದುಕಿಯ ಸೆರಗಿನ ತುದಿಯಲ್ಲಿ. ಕೀಲಿಗಾಗಿ ಎಲ್ಲರೂ ಅವಳನ್ನು ಓಲೈಸುವುದೇ ಹಾಸ್ಯ. ಕೊನೆಗೆ ಮನೆಮನೆಗೂ ನಲ್ಲಿ ಬರುತ್ತದೆ, ಪದ್ದಮ್ಮ ಗಂಟು ಬಿಚ್ಚಿ ಕೀಲಿ ಕೊಟ್ಟುಬಿಡುತ್ತಾಳೆ. ರಂಗದ ಮೇಲಿನ ಆ ಹಿತ್ತಾಳೆ ಕೀಲಿ ವಿಲ್ಫ್ರೆಡರದು. ಮಂಗಳೂರಿನಿಂದ ತಂದ ಕಬ್ಬಿಣದ ಟ್ರಂಕಿನಲ್ಲಿ ಅವರು ಸುತ್ತಿಗೆ, ಸ್ಪ್ಯಾನರು ಇಟ್ಟುಕೊಂಡಿದ್ದರು. ಅದರ ಬೀಗಕ್ಕೆ ಇದ್ದ ಒಂದೇ ಕೀಲಿ ಅದು.

ಇಲ್ಲಿ ಅಜ್ಜಿಯ ಪಾತ್ರಕ್ಕೆ ಋತುಮಾನವಿದೆ. ಮಕ್ಕಳ ಮನೆಗೆ ಬರುವ ಹಿರಿಯರು ಏಪ್ರಿಲಿನಲ್ಲಿ ಬಂದು ಚಳಿ ಶುರುವಾಗುವ ಮೊದಲು ಹೊರಡುತ್ತಾರೆ. ಪದ್ದಮ್ಮನಾಗಿದ್ದವರು ಅಶ್ವತ್ಥರ ಅತ್ತೆ ಅಲಮೇಲು. ನವೆಂಬರ್ ಕೊನೆಯವರೆಗೆ ಇರುತ್ತೇನೆಂದು ಮಾತು ಕೊಟ್ಟಿದ್ದರು. ಅಕ್ಟೋಬರ್ ಹನ್ನೊಂದರ ಶನಿವಾರ, ನಾಟಕದ ತಂಡದಲ್ಲಿದ್ದ ಜೆಸಿಂತಾ ಅಪಾರ್ಟ್‌ಮೆಂಟಿನ ಬಟ್ಟೆ ಒಗೆಯುವ ಕೋಣೆಯಲ್ಲಿದ್ದಾಗ ಅಶ್ವತ್ಥರ ಫೋನು ಬಂತು. ಎರಡೂ ಕೈಯಲ್ಲಿ ಒದ್ದೆ ಬಟ್ಟೆ ಇದ್ದುದರಿಂದ ಸ್ಪೀಕರ್ ಹಾಕಿದರು.

"ರೀ ಜೆಸಿಂತಾ, ನಮ್ಮತ್ತೆ ನಾಳೆನೇ ಹೊರಟ್ರು. ಡಲ್ಲಾಸಲ್ಲಿ ನಾದಿನಿಗೆ ಡೇಟ್ ಮುಂಚೇನೇ ಬಂತಂತೆ."

"ಎಂತ ಮಾರಾಯ್ರೇ! ಐದೇ ವಾರ ಇರುವುದು ನಾಟಕಕ್ಕೆ."

"ನಾನೇನ್ ಮಾಡ್ಲಿ? ರಾಜ್ಯೋತ್ಸವ ಮುಗಿಸ್ಕೊಂಡು ಹುಟ್ಟಪ್ಪಾ ಅಂತ ಮಗೂಗೆ ಹೇಳೋಕಾಗುತ್ತಾ?"

"ಹಾಗಾದ್ರೆ ಪದ್ದಮ್ಮ ಯಾರು?"

"ನೀವೇ ಮಾಡಿ."

"ನಾನಾ? ನನ್ನ ಕನ್ನಡ ಕೇಳಿದ್ರೆ ವಠಾರ ಬೆಂಗಳೂರಲ್ಲಿಲ್ಲ, ಮಂಗಳೂರಿನ ಹಂಪನಕಟ್ಟೆಯಲ್ಲಿದೆ ಅಂತ ಹೇಳ್ತಾರೆ ಜನ."

ಕೋಣೆಯ ಇನ್ನೊಂದು ಬದಿಯಲ್ಲಿ ನಾತ್ಸುಯೊ ಹಾಸಿಗೆ ಬಟ್ಟೆ ಮಡಚುತ್ತಿದ್ದರು. ಸಮುಚ್ಚಯದ ಸಾರ್ವಜನಿಕ ಕೋಣೆಯಲ್ಲಿ ನಡೆಯುತ್ತಿದ್ದ ತಾಲೀಮನ್ನು ಅವರು ಎರಡು ತಿಂಗಳಿಂದ ಗಾಜಿನ ಗೋಡೆಯ ಹೊರಗೆ ಅತ್ತಿತ್ತ ನಡೆಯುತ್ತಾ ನೋಡಿದ್ದರು. ಫೋನಿನ ಮಾತು ಒಂದಕ್ಷರ ತಿಳಿಯದಿದ್ದರೂ ಜೆಸಿಂತಾ ಮುಖದಿಂದ ಸುದ್ದಿ ತಿಳಿಯಿತು.

"ಆ ಮುದುಕಿ ಹೊರಟರೇ?" ಎಂದು ಇಂಗ್ಲಿಷಿನಲ್ಲಿ ಕೇಳಿದರು. ಅವರಿಬ್ಬರ ನಡುವಿನ ಮಾತೆಲ್ಲ ಇಂಗ್ಲಿಷೇ.

ಜೆಸಿಂತಾ ತಲೆಯಾಡಿಸಿದರು. ನಾತ್ಸುಯೊ ಬಟ್ಟೆಯನ್ನು ಕೆಳಗಿಟ್ಟರು. ಎಡಗೈ ಮಂಡಿಯ ಮೇಲೆ ಹೋಯಿತು, ಸೊಂಟ ಒಂದು ಕಡೆಗೆ ವಾಲಿತು, ಕತ್ತು ಮುಂದೆ ಬಂತು. ಮೂರು ಹೆಜ್ಜೆ ನಡೆದು ಬೆಂಚಿನ ಮೇಲೆ ಕೂರುತ್ತಾ, "ಅಯ್ಯೋ ರಾಮಾ" ಎಂದರು. ಅಲಮೇಲು ಕೂರುವಾಗ ಬಿಡುತ್ತಿದ್ದ ಅದೇ ನಿಟ್ಟುಸಿರು. ಜೆಸಿಂತಾ ಕೈಯಲ್ಲಿದ್ದ ಒದ್ದೆ ಬಟ್ಟೆ ನೆಲಕ್ಕೆ ಬಿತ್ತು.

"ಹಲೋ? ಅತ್ತೆ ಅಲ್ಲಿದಾರಾ?" ಎಂದರು ಫೋನಿನಲ್ಲಿ ಅಶ್ವತ್ಥ.

ಮರುದಿನದ ತಾಲೀಮಿಗೆ ನಾತ್ಸುಯೊ ಬಂದರು. ಅಶ್ವತ್ಥರಿಗೆ ಒಪ್ಪಿಗೆಯಿರಲಿಲ್ಲ. ಅವರು ಜೆಸಿಂತಾರನ್ನು ಪಕ್ಕಕ್ಕೆ ಕರೆದು ಹೇಳಿದ್ದನ್ನು ಎಲ್ಲರೂ ಕೇಳಿಸಿಕೊಂಡರು.

"ಜಪಾನಿ ಹೆಂಗಸು ಪದ್ದಮ್ಮ ಅಂದ್ರೆ ಜನ ನಗ್ತಾರೆ ಕಣ್ರೀ. ನಗೋ ಕಡೆ ನಕ್ಕರೆ ಪರ್ವಾಗಿಲ್ಲ."

ಉತ್ತರ ಕೊಟ್ಟವರು ಮೊಹ್ಸಿನ್. ಮೈಸೂರಿನ ಮಂಡಿಮೊಹಲ್ಲಾದವರು, ಅಶ್ವತ್ಥರ ಜೊತೆಯಲ್ಲೇ ಕೆಲಸ. ನಾಟಕದಲ್ಲಿ ಕೊನೆಗೆ ಕೀಲಿ ಪಡೆಯುವ ಬಾಡಿಗೆದಾರನ ಪಾತ್ರ.

"ಸಾರ್, ನನ್ನನ್ನ ಶೇಷಾದ್ರಿ ಅಯ್ಯಂಗಾರ್ ಮಾಡಿ ಮೂರು ನಾಮ ಹಾಕ್ಸಿದೀರಿ. ನಮ್ಮ ಅಮ್ಮಿ ಫೋಟೋ ನೋಡಿ ಎರಡು ದಿನ ಮಾತಾಡ್ಲಿಲ್ಲ. ನಾನು ಅಯ್ಯಂಗಾರ್ ಆಗ್ಬಹುದಾದ್ರೆ ಇವರು ಪದ್ದಮ್ಮ ಆಗೋಕೆ ಏನು ಕಷ್ಟ?"

ಅಶ್ವತ್ಥ ಒಪ್ಪಿದರು. ಪದ್ದಮ್ಮನಿಗಿದ್ದದ್ದು ನಲವತ್ತಾರು ಮಾತುಗಳು. ಜೆಸಿಂತಾ ಅವನ್ನೆಲ್ಲ ನಿಧಾನವಾಗಿ ಓದಿ ಫೋನಿನಲ್ಲಿ ಧ್ವನಿಮುದ್ರಿಸಿಕೊಟ್ಟರು. ನಾತ್ಸುಯೊ ತಮ್ಮ ಲಿಪಿಯಲ್ಲಿ ಬರೆದುಕೊಂಡರು. ಪ್ರತಿ ಪದಕ್ಕೂ ಅರ್ಥ ಕೇಳಿದರು. ಅರ್ಥ ತಿಳಿಯದ ಮಾತಿಗೆ ಕೈ ಏಳುವುದಿಲ್ಲ ಎಂದರು. ಆಮೇಲೆ ನಡಿಗೆ. ಮೆಟ್ಟಿಲ ಮೇಲೆ, ಕಾರು ನಿಲ್ಲಿಸುವ ಜಾಗದಲ್ಲಿ, ಅಂಗಡಿ ಸಾಲಿನ ಉದ್ದಕ್ಕೂ, ಮಳೆಯಲ್ಲಿ. ಒಂದು ಕೈಯಲ್ಲಿ ಇಲ್ಲದ ತಂಬಿಗೆ, ಇನ್ನೊಂದರಲ್ಲಿ ಇಲ್ಲದ ಕೋಲು. ಗೋಡೆಯ ಈಚೆ ವಿಲ್ಫ್ರೆಡ್ ಹಲ್ಲುಜ್ಜುತ್ತಾ ಪದ್ದಮ್ಮನ ಮಾತುಗಳನ್ನು ಬೇಡವೆಂದರೂ ಕಲಿತರು.

"ದಿನಾ ಬೆಳಿಗ್ಗೆ ನನಗೆ ನೀರು ಬಿಡುವುದಿಲ್ಲ ಅಂತ ಬೈತಾರೆ," ಎಂದು ದೂರಿದರು.

"ಬೈಸಿಕೊಳ್ಳಿ. ನಿಮಗೆ ಬೈಲಿಕ್ಕೆ ನನಗೆ ಒಬ್ಬಳಿಗೇ ಕಷ್ಟ ಆಗ್ತಿತ್ತು," ಎಂದರು ಜೆಸಿಂತಾ.

ಕಠಿಣವಾದದ್ದು ಕೊನೆಯ ಮಾತು. ಮೂರು ವಾಕ್ಯ. 'ಬೀಗ ನಂದು, ನೀರು ನಂದಲ್ಲ.' 'ಕೀಲಿ ನನ್ನ ಹತ್ರ ಇತ್ತು ಅಂತ ನೀವೆಲ್ಲ ನನ್ನ ಹತ್ರ ಬರ್ತಿದ್ರಿ.' 'ಇನ್ಮೇಲೆ ಯಾಕೆ ಬರ್ತೀರಿ?' ಅದಕ್ಕೆ ಶೇಷಾದ್ರಿಯ ಉತ್ತರ: 'ನೀರಿಗಲ್ಲ ಪದ್ದಮ್ಮ, ಕಾಫಿಗೆ.' ಪರದೆ ಬೀಳುತ್ತದೆ.

"ಕೊನೆಯದನ್ನು ನಗುತ್ತಾ ಕೇಳಬೇಕೇ?" ಎಂದು ನಾತ್ಸುಯೊ ಕೇಳಿದರು.

"ಹೌದು ಮೇಡಂ, ಕಾಮಿಡಿ," ಎಂದರು ಅಶ್ವತ್ಥ.

ನಾತ್ಸುಯೊ ಜೆಸಿಂತಾ ಕಡೆ ನೋಡಿದರು. ಆ ವಾಕ್ಯವನ್ನು ನಾತ್ಸುಯೊ ನಗದೆಯೇ ಅಭ್ಯಾಸ ಮಾಡಿದರು.

ಸೆರಗಿನ ಗಂಟನ್ನು ಅವರು ಮೂರು ಎಳೆತಕ್ಕೆ ಬಿಚ್ಚುವಂತೆ ಕಟ್ಟುತ್ತಿದ್ದರು. ಒಂದು ಎಳೆತಕ್ಕೆ ಒಂದು ವಾಕ್ಯ. ಮೂರನೆಯದಕ್ಕೆ ಕೀಲಿ ಅಂಗೈಗೆ ಬೀಳಬೇಕು, ಪ್ರಶ್ನೆ ಮುಗಿಯಬೇಕು. ಅಕ್ಟೋಬರ್ ಕೊನೆಯ ಒಂದು ಮಧ್ಯಾಹ್ನ ಅಡುಗೆಮನೆಯಲ್ಲಿ ಜೆಸಿಂತಾಗೆ ಅದನ್ನು ತೋರಿಸುತ್ತಾ, ನೂಲಿನುಂಡೆಯ ಕತೆಯನ್ನು ಹೇಳಿದರು. ಮೂವತ್ತೈದು ವರ್ಷದಲ್ಲಿ ರಸೆಲ್ ಬಿಟ್ಟರೆ ಬೇರೆ ಯಾರಿಗೂ ಹೇಳಿರಲಿಲ್ಲ.

"ಮಾತು ನನ್ನ ಬಾಯಲ್ಲಿರುವುದಿಲ್ಲ, ಕೈಯಲ್ಲಿರುತ್ತದೆ," ಎಂದರು. "ಒಂದು ಸಲ, ಒಂದೇ ಸಲ, ಕೊನೆಯ ಮಾತನ್ನು ಕೊನೆಯವರೆಗೆ ಹೇಳಿ ಕೆಳಗಿಳಿಯಬೇಕು. ಆಮೇಲೆ ಬಹುಶಃ ಕೂತುಕೊಳ್ಳುತ್ತೇನೆ."

"ಹೇಳ್ತೀರಿ," ಎಂದರು ಜೆಸಿಂತಾ. "ನಾನು ಸೈಡಲ್ಲೇ ಸ್ಕ್ರಿಪ್ಟ್ ಹಿಡಿದುಕೊಂಡು ನಿಂತಿರ್ತೇನೆ."

ನವೆಂಬರ್ ಹದಿನೈದರ ಶನಿವಾರ. ರೆಡ್ಮಂಡಿನ ಒಂದು ಹೈಸ್ಕೂಲಿನ ಸಭಾಂಗಣ, ನಾಲ್ಕುನೂರು ಜನ, ಮಧ್ಯಾಹ್ನ ಬಿಸಿಬೇಳೆಬಾತ್ ಊಟವಾದ ಮೇಲೆ ನಾಟಕ. ಬಣ್ಣದ ಕೋಣೆಯಲ್ಲಿ ಒಂಬತ್ತು ಹೆಂಗಸರಿಗೆ ಸೀರೆ ಉಡಿಸಬೇಕಿತ್ತು. ಉಡಿಸಲು ಬರುತ್ತಿದ್ದವರು ಜೆಸಿಂತಾ ಒಬ್ಬರೇ. ಆರು ಪಿನ್ನನ್ನು ತುಟಿಯಲ್ಲಿ ಕಚ್ಚಿಕೊಂಡು ಒಬ್ಬರಾದ ಮೇಲೊಬ್ಬರನ್ನು ಮುಗಿಸುತ್ತಾ ಬಂದರು. ಕೊನೆಯವರು ನಾತ್ಸುಯೊ. ತಾಯಿ ಕೊಟ್ಟಿದ್ದ ಉಡುಪಿ ಕೈಮಗ್ಗದ ಸೀರೆಯನ್ನೇ ಅವರಿಗೆಂದು ತೆಗೆದಿಟ್ಟಿದ್ದರು. ನೆರಿಗೆಗೆ ಪಿನ್, ಭುಜಕ್ಕೆ ಪಿನ್. ಸೆರಗಿನ ತುದಿಯಲ್ಲಿ ನಾತ್ಸುಯೊ ಕಟ್ಟಿಕೊಂಡಿದ್ದ ಗಂಟು ಸಡಿಲವಾಗಿ ಕಂಡಿತು. ಸೀರೆ ಉಟ್ಟು ಅಭ್ಯಾಸವಿಲ್ಲದವರು, ರಂಗದ ನಡುವೆ ಕೀಲಿ ಬಿದ್ದರೆ ಏನು ಗತಿ ಎಂದು ಕೈ ತಾನೇ ಯೋಚಿಸಿತು. ಗಂಟು ಬಿಚ್ಚಿ, ಕೀಲಿಯನ್ನು ಸೆರಗಿನ ಮಡಿಕೆಯೊಳಗೆ ಚಪ್ಪಟೆಯಾಗಿಟ್ಟು, ದೊಡ್ಡ ಪಿನ್ ಚುಚ್ಚಿ, ತುದಿಯನ್ನು ಸೊಂಟಕ್ಕೆ ಸಿಕ್ಕಿಸಿದರು. ಯಾವ ಹೆಂಗಸಿಗೆ ಸೀರೆ ಉಡಿಸಿದರೂ ಅವರು ಮಾಡುತ್ತಿದ್ದ ಕೆಲಸ ಅದು. ಹೊರಗಿನಿಂದ ಅಶ್ವತ್ಥ ಕೂಗುತ್ತಿದ್ದರು. ನಾತ್ಸುಯೊ ಕಣ್ಣು ಮುಚ್ಚಿ ಮೊದಲ ಅಂಕದ ತಂಬಿಗೆಯಲ್ಲಿ ಮುಳುಗಿದ್ದರು.

ಮೊದಲ ಎರಡು ಅಂಕ ಚೆನ್ನಾಗಿ ನಡೆಯಿತು. ಪದ್ದಮ್ಮ ರಂಗಕ್ಕೆ ಬಂದಾಗ ಜನ ನಕ್ಕರು. 'ಅಯ್ಯೋ ರಾಮಾ' ಎಂದು ಕೂತಾಗ ಬೇರೆ ರೀತಿ ನಕ್ಕರು. 'ಕೀಲಿ' ಅವರ ಬಾಯಲ್ಲಿ 'ಕೀರಿ' ಆಗಿಯೇ ಉಳಿದಿತ್ತು, ಹತ್ತು ನಿಮಿಷದಲ್ಲಿ ಅದು ಪದ್ದಮ್ಮನ ಹಲ್ಲಿಲ್ಲದ ಬಾಯಿಯದೆಂದು ಎಲ್ಲರೂ ಒಪ್ಪಿಕೊಂಡರು.

ಕೊನೆಯ ದೃಶ್ಯ. ವಠಾರದವರೆಲ್ಲ ಸುತ್ತ ನಿಂತಿದ್ದಾರೆ, ಎದುರಿಗೆ ಶೇಷಾದ್ರಿ.

"ಬೀಗ ನಂದು, ನೀರು ನಂದಲ್ಲ," ಎನ್ನುತ್ತಾ ಪದ್ದಮ್ಮ ಸೊಂಟದಿಂದ ಸೆರಗಿನ ತುದಿ ಎಳೆದಳು. ಬೆರಳು ಗಂಟನ್ನು ಹುಡುಕಿತು. ಗಂಟಿರಲಿಲ್ಲ. ಮತ್ತೆ ಹುಡುಕಿತು. ಬಟ್ಟೆಯ ಕೆಳಗೆ ಕೀಲಿ ಚಪ್ಪಟೆಯಾಗಿ ಮಲಗಿತ್ತು, ಅದರ ಮೇಲೆ ತಣ್ಣನೆಯ ಏನೋ.

ಪಕ್ಕದ ಪರದೆಯ ಮರೆಯಲ್ಲಿ ಸ್ಕ್ರಿಪ್ಟ್ ಹಿಡಿದಿದ್ದ ಜೆಸಿಂತಾ ಆ ಬೆರಳುಗಳನ್ನು ನೋಡಿದರು. ತಾನು ಮಾಡಿದ್ದೇನೆಂದು ಅವರಿಗೆ ಆಗ ತಿಳಿಯಿತು.

"ಕೀಲಿ ನನ್ನ ಹತ್ರ," ಎಂದು ಪಿಸುಗುಟ್ಟಿದರು. ಮತ್ತೆ, ಗಟ್ಟಿಯಾಗಿ, "ಕೀಲಿ ನನ್ನ ಹತ್ರ ಇತ್ತು!" ಮುಂದಿನ ಸಾಲಿನವರಿಗೂ ಕೇಳಿಸಿತು. ನಾತ್ಸುಯೊ ತಲೆ ಅತ್ತ ತಿರುಗಲಿಲ್ಲ. ಕೇಳಿಸಿತ್ತು, ಆದರೆ ಪಕ್ಕದ ಬಸ್ಸಿನಲ್ಲಿ ಯಾರೋ ಆಡಿದ ಮಾತಿನಂತಿತ್ತು ಎಂದು ಅವರು ಆಮೇಲೆ ಹೇಳಿದರು.

ಸಭಾಂಗಣದಲ್ಲಿ ಓಡಾಡುತ್ತಿದ್ದ ಮಕ್ಕಳೂ ನಿಂತರು. ಮೊಹ್ಸಿನ್ ಮಗಳು, ಎಂಟು ವರ್ಷದ ನೂರೈನ್, ಅಜ್ಜಿ ಯಾಕೆ ಸುಮ್ಮನಾದಳು ಎಂದು ತಾಯಿಯನ್ನು ಇಂಗ್ಲಿಷಿನಲ್ಲಿ ಕೇಳಿದಳು. ಕನ್ನಡದಲ್ಲಿ 'ಶ್, ಬಾಯ್ಮುಚ್ಚು' ಎಂಬ ಉತ್ತರ ಬಂತು.

ಆಗ ಪದ್ದಮ್ಮ ಮಾತಾಡಿದಳು. ಜಪಾನಿ ಭಾಷೆಯಲ್ಲಿ. ಸಿನಿಮಾದ ನಯವಾದ ಜಪಾನಿಯಲ್ಲ. ಸ್ಟುಡಿಯೋದವರು ಐವತ್ತನಾಲ್ಕು ವರ್ಷದ ಹಿಂದೆ ಬಿಡಿಸಿದ್ದ ಮೀನುಗಾರರ ಊರಿನ ಒರಟು ಮಾತು, ದೋಣಿಯಿಂದ ದಡಕ್ಕೆ ಕೂಗುವ ಮಾತು. ನಾಲ್ಕುನೂರು ಜನರಲ್ಲಿ ಒಬ್ಬರಿಗೂ ಅದು ತಿಳಿಯುತ್ತಿರಲಿಲ್ಲ. ಮೊಹ್ಸಿನ್ ಪದ್ದಮ್ಮನ ಮುಖ ನೋಡಿದರು. ನೋಡಿ, ಒಂದು ಹೆಜ್ಜೆ ಮುಂದೆ ಬಂದರು.

"ಅದ್ಯಾಕೆ ಹಾಗಂತೀರಿ ಪದ್ದಮ್ಮ? ಕೀಲಿ ಒಂದಕ್ಕೇ ಬರ್ತಿದ್ವಾ ನಿಮ್ಮ ಹತ್ರ?"

ಪದ್ದಮ್ಮ ಇನ್ನೊಂದು ವಾಕ್ಯ ಹೇಳಿದಳು, ಚಿಕ್ಕದು, ಕೊನೆಯಲ್ಲಿ ದನಿ ಏರುವಂಥದ್ದು. ಹೇಳುತ್ತಾ ಸೆರಗನ್ನು ಎರಡೂ ಕೈಯಲ್ಲಿ ಹಿಡಿದು ಎಳೆದಳು. ಪರ್ರನೆ ಹರಿಯಿತು. ಕೀಲಿ, ಪಿನ್ನು, ಅಂಗೈಯಗಲದ ಉಡುಪಿ ಸೀರೆಯ ಚೂರು ಮೂರೂ ಶೇಷಾದ್ರಿಯ ಕೈಗೆ ಬಂದವು.

"ನೀರಿಗಲ್ಲ ಪದ್ದಮ್ಮ, ಕಾಫಿಗೆ," ಎಂದರು ಮೊಹ್ಸಿನ್.

ಪರದೆ ಬಿತ್ತು. ಚಪ್ಪಾಳೆ ಎದ್ದಿತು. ಏನೋ ತಪ್ಪಿತೆಂದು ಸಭಾಂಗಣದಲ್ಲಿ ಯಾರಿಗೂ ಅನಿಸಲಿಲ್ಲ. ಅಲ್ಲಿ ಕೂತವರ ಮನೆಗಳಲ್ಲಿ ಪ್ರಶ್ನೆ ಒಂದು ಭಾಷೆಯಲ್ಲಿ, ಉತ್ತರ ಇನ್ನೊಂದರಲ್ಲಿ ಬರುವುದು ಮೂರು ಹೊತ್ತಿನ ಊಟದಷ್ಟೇ ಸಹಜ. ಬಣ್ಣದ ಕೋಣೆಯಲ್ಲಿ ಮೊಹ್ಸಿನ್‌ರನ್ನು ಸುತ್ತುವರಿದು, ಹೇಗೆ ಹೊಳೆಯಿತೆಂದು ಕೇಳಿದರು.

"ಹೊಳೆಯೋದೇನು? ಅಮ್ಮಿ ಉರ್ದೂಲಿ ಬೈತಿದ್ರು, ನಾನು ಕನ್ನಡದಲ್ಲಿ ಎದುರು ಮಾತಾಡ್ತಿದ್ದೆ. ಈಗ ನಾನು ಕನ್ನಡದಲ್ಲಿ ಬೈತೀನಿ, ಮಗಳು ಇಂಗ್ಲಿಷಲ್ಲಿ ಎದುರಾಡ್ತಾಳೆ. ಬೈಗುಳಕ್ಕೆ ಭಾಷೆ ಗೊತ್ತಿರ್ಬೇಕಾ?"

"ನಾನು ಬರೆದಿದ್ದಕ್ಕಿಂತ ಚೆನ್ನಾಗಿತ್ತು ಮೇಡಂ," ಎಂದು ಅಶ್ವತ್ಥ ನಾತ್ಸುಯೊಗೆ ಕೈಮುಗಿದರು. ಅರ್ಧ ಗಂಟೆಯಲ್ಲಿ ಅದು 'ನಾವು ಯೋಚ್ನೆ ಮಾಡಿ ಮಾಡಿದ್ದು' ಎಂದಾಯಿತು. ಮೊಹ್ಸಿನ್ ಕೀಲಿಯನ್ನು ಬಟ್ಟೆಚೂರಿನ ಸಮೇತ ನಾತ್ಸುಯೊ ಅಂಗೈಗಿಟ್ಟು, "ನಿಮ್ಮದು ಅಮ್ಮಾ," ಎಂದು ಹೋದರು.

ಕೋಣೆ ಖಾಲಿಯಾದ ಮೇಲೆ ಜೆಸಿಂತಾ ಹತ್ತಿರ ಬಂದರು.

"ಪಿನ್ ಹಾಕಿದ್ದು ನಾನು."

"ಗೊತ್ತು. ಈ ಕೋಣೆಯಲ್ಲಿ ಪಿನ್ ಇದ್ದದ್ದು ನಿಮ್ಮ ಬಾಯಲ್ಲೇ," ಎಂದರು ನಾತ್ಸುಯೊ. ಅವರು ಕೂತಿರಲಿಲ್ಲ. ಕನ್ನಡಿಯಿಂದ ಬಾಗಿಲಿಗೆ, ಬಾಗಿಲಿಂದ ಕನ್ನಡಿಗೆ. "ಎಲ್ಲರೂ ಚೆನ್ನಾಗಿತ್ತು ಎನ್ನುತ್ತಾರೆ. ನೀವು ಹೇಳಿ. ನಾನು ಆ ಮಾತನ್ನು ಹೇಳಿದೆನೇ?"

ಜೆಸಿಂತಾ ಸುಳ್ಳು ಹೇಳಬಹುದಿತ್ತು. "ಕನ್ನಡದಲ್ಲಿ ಹೇಳಲಿಲ್ಲ," ಎಂದರು.

"ಹಾಗಾದರೆ ಹೇಳಿಲ್ಲ."

ವಿಲ್ಫ್ರೆಡ್ ಫೋನಿನಲ್ಲಿ ತೆಗೆದ ವಿಡಿಯೋ ಪ್ರಕಾರ ರಂಗದ ಮೇಲಿನ ಆ ಮೌನ ಇಪ್ಪತ್ತೊಂಬತ್ತು ಸೆಕೆಂಡಿನದು.

ಆ ವಾರ ಗೋಡೆಯಾಚೆ ಹೆಜ್ಜೆ ಇನ್ನೂ ಬೇಗ ಶುರುವಾಯಿತು, ಆದರೆ ಮಾತಿರಲಿಲ್ಲ. ಸೋಮವಾರ ನಾತ್ಸುಯೊ ಅಪಾರ್ಟ್‌ಮೆಂಟಿನ ಕಚೇರಿಗೆ ಹೋಗಿ, ಎರಡನೇ ಮಹಡಿಯಲ್ಲಿ ಯಾವುದಾದರೂ ಮನೆ ಖಾಲಿಯಿದೆಯೇ ಎಂದು ಕೇಳಿ ಅರ್ಜಿ ತೆಗೆದುಕೊಂಡು ಬಂದರು. ಬುಧವಾರ ಜೆಸಿಂತಾ ಬಾಗಿಲು ತಟ್ಟಿದಾಗ ಒಳಗೆ ಪೆಟ್ಟಿಗೆಗಳು ಕಾಣಿಸಿದವು. ಹರಿದ ಸೀರೆ ಒಗೆದು ಕೊಡುತ್ತೇನೆ ಎಂದಷ್ಟೇ ಹೇಳಿ ನಾತ್ಸುಯೊ ಬಾಗಿಲು ಹಾಕಿಕೊಂಡರು.

"ನನ್ನಿಂದ ಹೋಗ್ತಿದ್ದಾರೆ," ಎಂದರು ಜೆಸಿಂತಾ.

"ಅವರು ನಾಲ್ಕು ಮನೆ ನೋಡಿದ ಮೇಲೆ ಐದನೆಯದಕ್ಕೆ ಹೋಗ್ತಿದ್ದಾರೆ," ಎಂದರು ವಿಲ್ಫ್ರೆಡ್. "ನನ್ನ ಟ್ರಂಕಿನ ಕೀಲಿ ಕೊಡಲಿಲ್ಲ ಅವರು. ಕೇಳ್ಲಾ?"

"ಈಗ ಕೇಳಿದ್ರೆ ನಿಮ್ಮನ್ನೇ ಟ್ರಂಕಿನಲ್ಲಿ ಹಾಕ್ತೇನೆ."

ಶನಿವಾರ ಬೆಳಿಗ್ಗೆ ಒಂಬತ್ತಕ್ಕೆ ಜೆಸಿಂತಾ ನೀರುದೋಸೆ ಎರೆಯುತ್ತಿದ್ದರು. ಬಾಗಿಲು ತಟ್ಟಿದ ಸದ್ದು. ವಿಲ್ಫ್ರೆಡ್ ತೆಗೆದರು.

ನಾತ್ಸುಯೊ ಸೀರೆಯಲ್ಲಿದ್ದರು. ತಾವೇ ಉಟ್ಟಿದ್ದರು, ಎಲ್ಲೂ ಪಿನ್ನಿರಲಿಲ್ಲ. ನೆರಿಗೆ ಒಂದು ಕಡೆ ಜಾರುತ್ತಿತ್ತು, ಒಂದು ಮೊಣಕೈಯಿಂದ ಅದನ್ನು ಹೊಟ್ಟೆಗೆ ಒತ್ತಿಕೊಂಡಿದ್ದರು. ಹರಿದ ಸೆರಗಿನ ಉಳಿದ ತುದಿಯಲ್ಲಿ ಗಂಟಿತ್ತು. ಜೆಸಿಂತಾ ಸೌಟು ಹಿಡಿದುಕೊಂಡೇ ಬಂದು ಗಂಡನ ಹಿಂದೆ ನಿಂತರು. ನಾತ್ಸುಯೊ ಚಪ್ಪಲಿ ಬಿಟ್ಟು ಹೊಸ್ತಿಲ ಮೇಲೆ ನಿಂತು, ಗಂಟಿಗೆ ಕೈ ಹಾಕಿದರು.

"ಬೀಗ ನಂದು, ನೀರು ನಂದಲ್ಲ."

ಒಂದು ಎಳೆತ.

"ಕೀರಿ ನನ್ನ ಹತ್ರ ಇತ್ತು ಅಂತ ನೀವೆಲ್ಲ ನನ್ನ ಹತ್ರ ಬರ್ತಿದ್ರಿ."

ಎರಡು. ಒಲೆಯ ಮೇಲೆ ದೋಸೆ ಸೀಯುವ ವಾಸನೆ ಬಂತು. ಯಾರೂ ಅತ್ತ ಹೋಗಲಿಲ್ಲ.

"ಇನ್ಮೇಲೆ ಯಾಕೆ ಬರ್ತೀರಿ?"

ಮೂರನೆಯ ಎಳೆತಕ್ಕೆ ಕೀಲಿ ಅಂಗೈಗೆ ಬಿತ್ತು. ಅವರು ನಗಲಿಲ್ಲ. ಕೇಳಿದ್ದು ನಿಜವಾಗಿ ಉತ್ತರ ಬೇಕಿದ್ದವರಂತೆ ಇತ್ತು. ನಾಟಕವನ್ನು ಐದು ವಾರ ಸ್ಕ್ರಿಪ್ಟ್ ಹಿಡಿದು ನಡೆಸಿದ ಜೆಸಿಂತಾಗೆ ಮುಂದಿನ ಮಾತು ಏನೆಂದೇ ನೆನಪಾಗಲಿಲ್ಲ. ನೆನಪಾದದ್ದು ವಿಲ್ಫ್ರೆಡ್‌ಗೆ.

"ನೀರಿಗಲ್ಲ ಪದ್ದಮ್ಮ, ಕಾಫಿಗೆ," ಎಂದು ಅವರು ಕೈ ಮುಂದೆ ಚಾಚಿದರು. ನಾಟಕದಲ್ಲಿ ಹಾಗೇ ಇತ್ತು. ಟ್ರಂಕೂ ಅವರದೇ ಆಗಿತ್ತು.

ನಾತ್ಸುಯೊ ಆ ಕೈಯನ್ನು ನೋಡಿದರು. ಕೀಲಿಯನ್ನು ನೋಡಿದರು. ಮುಷ್ಟಿ ಮುಚ್ಚಿದರು. ಒಳಗೆ ಬಂದು, ನಿಂತುಕೊಂಡೇ ಅರ್ಧ ಲೋಟ ಕಾಫಿ ಕುಡಿದು, ಸಕ್ಕರೆ ಜಾಸ್ತಿ ಎಂದು ಹೇಳಿ, ಕೀಲಿಯೊಂದಿಗೆ ಹೋದರು. ಸೀರೆ ಮರುದಿನ ಒಗೆದು ಮಡಚಿ ಬಂತು. ಹರಿದಲ್ಲಿಗೆ ನೀಲಿ ಉಣ್ಣೆ ನೂಲಿನ ಹೊಲಿಗೆ ಹಾಕಿತ್ತು. ಕೊನೆಯ ನೋಟುಪುಸ್ತಕದಲ್ಲಿ ಎರಡು ಪುಟ ಸೇರಿತ್ತು. ನವೆಂಬರ್ ಹದಿನೈದರದರಲ್ಲಿ 'ಪಿನ್' ಎಂದಿದೆ, ಇಪ್ಪತ್ತೆರಡರದರಲ್ಲಿ 'ಕೀಲಿ.'

ಕೂತುಕೊಳ್ಳುತ್ತೇನೆ ಎಂದಿದ್ದ ಮಾತನ್ನು ಅವರು ಉಳಿಸಿಕೊಳ್ಳಲಿಲ್ಲ. ಜನವರಿಯಲ್ಲಿ ಎರಡನೇ ಮಹಡಿಯ ಮನೆಗೆ ಹೋದರು. ಅಲ್ಲಿ ಗೋಡೆಯಿಂದ ಗೋಡೆಗೆ ಹದಿಮೂರು ಹೆಜ್ಜೆಯೆಂದು ವಿಲ್ಫ್ರೆಡ್ ಅಳೆದು ಬಂದಿದ್ದಾರೆ. ಮುಂದಿನ ನಾಟಕ ಯಾವಾಗ ಎಂದು ಅಶ್ವತ್ಥರನ್ನು ವಾರಕ್ಕೊಮ್ಮೆ ಕೇಳುತ್ತಾರೆ.

ಟ್ರಂಕು ಈಗಲೂ ಬೀಗ ಹಾಕಿಯೇ ಇದೆ. ಸ್ಕ್ರೂಡ್ರೈವರ್ ಬೇಕಾದಾಗಲೆಲ್ಲ ವಿಲ್ಫ್ರೆಡ್ ಕೀಲಿ ಕೇಳಲು ಒಂದು ಮಹಡಿ ಇಳಿದು ನಾತ್ಸುಯೊ ಮನೆಗೆ ಹೋಗುತ್ತಾರೆ. ಕೀಲಿ ಮಾಡಿಕೊಡುವ ಹಾರ್ಡ್‌ವೇರ್ ಅಂಗಡಿ ಕಾರಿನಲ್ಲಿ ಐದು ನಿಮಿಷದ ದಾರಿ.

"ಇನ್ನೊಂದು ಮಾಡಿಸಿ ಅಂತ ಹತ್ತು ಸಲ ಹೇಳಿದೆ," ಎನ್ನುತ್ತಾರೆ ಜೆಸಿಂತಾ. "ಕೀಲಿ ತರ್ತೇನೆ ಅಂತ ಹೋದವರು ಒಂದು ಗಂಟೆ ಬಿಟ್ಟು ಬರ್ತಾರೆ. ಕೈಯಲ್ಲಿ ಕೀಲಿ ಇರುವುದಿಲ್ಲ, ಬಾಯಲ್ಲಿ ಕಾಫಿ ವಾಸನೆ."